ಏಳು ಪಂದ್ಯ, ಆರು ಸೋಲು: ನಮ್ಮ ಕಾಲೇಜಿನ ಫುಟ್‌ಬಾಲ್ ತಂಡ ನಿಲ್ಲಿಸಬೇಕಾ?

ಟಚ್‌ಲೈನ್ ಧಾರವಾಡ:

ಎಲ್ಲರಿಗೂ ನಮಸ್ಕಾರ. ಧಾರವಾಡದ ನಮ್ಮ ಕಾಲೇಜಿನ ಫುಟ್‌ಬಾಲ್ ತಂಡದ ಬಗ್ಗೆ ಬರೆಯುತ್ತಿದ್ದೇನೆ. ಕಾಲೇಜಿನ ಹೆಸರು ಬೇಡ. ನಾನು ಯಾರ ಮೇಲೂ ದೂರು ಹೇಳುವುದಿಲ್ಲ, ತಂಡ ಉಳಿದರೆ ಸಾಕು.

ಈ ವರ್ಷ ಹುಡುಗರು 7 ಪಂದ್ಯ ಆಡಿದರು. 6 ಸೋಲು, 1 ಡ್ರಾ. ಹೊಡೆದ ಗೋಲು 4, ಬಿಟ್ಟುಕೊಟ್ಟ ಗೋಲು 21. ಹೋದ ವಾರದಿಂದ ಕಾಲೇಜಿನಲ್ಲಿ ಒಂದು ಮಾತು ಓಡಾಡುತ್ತಿದೆ. ಮುಂದಿನ ವರ್ಷ ಫುಟ್‌ಬಾಲ್ ತಂಡ ಬೇಡ, ಆ ದುಡ್ಡನ್ನು ಗೆಲ್ಲುವ ಆಟಗಳಿಗೆ ಕೊಡೋಣ ಅಂತ. ಇನ್ನೂ ತೀರ್ಮಾನ ಆಗಿಲ್ಲ. ಆಗುವ ಮೊದಲೇ ಇಲ್ಲಿ ಮಾತಾಡೋಣ ಅನ್ನಿಸಿತು.

ನಾನು ಇದೇ ತಂಡದಲ್ಲಿ 3 ವರ್ಷ ಆಡಿದವನು. ನಮ್ಮ ಕಾಲದಲ್ಲಿ ಆಡುತ್ತಿದ್ದದ್ದು ವಿಶ್ವವಿದ್ಯಾಲಯದ ಅಂತರ ಕಾಲೇಜು ಪಂದ್ಯ ಮಾತ್ರ. ಅದು ನಾಕೌಟ್. ಒಂದು ಸಲ ಸೋತರೆ ಆ ವರ್ಷ ಮುಗಿಯಿತು. ನಾವು ಮೂರು ವರ್ಷವೂ ಮೊದಲ ಸುತ್ತಿನಲ್ಲೇ ಸೋತೆವು. 35-35 ನಿಮಿಷದ ಪಂದ್ಯ. ಅಂದರೆ ಡಿಗ್ರಿ ಮುಗಿಯುವಷ್ಟರಲ್ಲಿ ನಾನು ಪಂದ್ಯ ಅಂತ ಆಡಿದ್ದು ಒಟ್ಟು ಮೂರೂವರೆ ಗಂಟೆ. ಮೂರು ವರ್ಷ ಬೆಳಿಗ್ಗೆ ಎದ್ದು ಓಡಿದ್ದಕ್ಕೆ ಮೂರೂವರೆ ಗಂಟೆ.

ಈ ವರ್ಷದ ಕ್ಯಾಪ್ಟನ್ ಹಾಗೆ ಸುಮ್ನೆ ಕೂರಲಿಲ್ಲ. ತಾನೇ ಫೋನ್ ಮಾಡಿ ಹುಬ್ಬಳ್ಳಿ, ಗದಗ, ಹಾವೇರಿ ಕಡೆಯ ತಂಡಗಳನ್ನು ಕೇಳಿ 6 ಸ್ನೇಹ ಪಂದ್ಯ ಗೊತ್ತು ಮಾಡಿದ. ಅದಕ್ಕೇ 7 ಪಂದ್ಯ ಆದವು. ಅದಕ್ಕೇ 6 ಸೋಲು ಆದವು. ಮೊದಲಿನ ಹಾಗೆ ಒಂದೇ ಪಂದ್ಯ ಆಡಿ ಸೋತು ಬಂದಿದ್ದರೆ ಯಾರೂ ಲೆಕ್ಕವೇ ಇಡುತ್ತಿರಲಿಲ್ಲ. ಜಾಸ್ತಿ ಆಡಿದ್ದಕ್ಕೆ ಜಾಸ್ತಿ ಸೋತರು, ಜಾಸ್ತಿ ಸೋತದ್ದಕ್ಕೆ ತಂಡ ಬೇಡ ಅನ್ನುತ್ತಿದ್ದಾರೆ. ಇದು ನನ್ನ ಹೊಟ್ಟೆಗೆ ಇಳಿಯುತ್ತಿಲ್ಲ.

ಏಳೂ ಪಂದ್ಯಕ್ಕೆ ನಾನು ಹೋಗಿದ್ದೆ. ಪ್ರತಿ ಗೋಲು ಎಷ್ಟನೇ ನಿಮಿಷಕ್ಕೆ ಬಿತ್ತು ಅಂತ ನೋಟ್‌ಬುಕ್ಕಿನಲ್ಲಿ ಬರೆದಿಟ್ಟಿದ್ದೇನೆ. ಬೇಕಾದವರಿಗೆ ಇಲ್ಲೇ ಹಾಕುತ್ತೇನೆ.

ಲೆಕ್ಕದ ಮನುಷ್ಯ, ಹುಬ್ಬಳ್ಳಿ:

ನಿಮ್ಮ ಕಳಕಳಿ ಅರ್ಥ ಆಗುತ್ತದೆ. ಆದರೆ ಎದುರಿನ ಕುರ್ಚಿಯಲ್ಲಿ ಕೂತವರ ಕಷ್ಟವನ್ನೂ ಸ್ವಲ್ಪ ನೋಡಿ. ನಾನು ಬೇರೆ ಒಂದು ಕಾಲೇಜಿನ ಕ್ರೀಡಾ ಸಮಿತಿಯಲ್ಲಿ ಕೆಲವು ವರ್ಷ ಇದ್ದವನು. ವರ್ಷಕ್ಕೆ ಬರುವ ದುಡ್ಡು ಇಷ್ಟೇ ಅಂತ ಇರುತ್ತದೆ. ಕಬಡ್ಡಿ ತಂಡ ಅಂದರೆ 12 ಹುಡುಗರು, ಒಂದು ಕ್ರೂಸರ್ ಗಾಡಿಯಲ್ಲಿ ಹೋಗಿ ಬರುತ್ತಾರೆ. ಫುಟ್‌ಬಾಲ್ ಅಂದರೆ 18 ಹುಡುಗರು, ಬೂಟು, ಶಿನ್ ಗಾರ್ಡ್, ಗೋಲಿಯ (ಗೋಲ್‌ಕೀಪರ್) ಗ್ಲೌಸ್, ಚೆಂಡು, ನೆಟ್, ಸುಣ್ಣ. ಜೊತೆಗೆ ಇಡೀ ಮೈದಾನ ಬೇಕು.

ನಮ್ಮ ಈ ಭಾಗದ ಹುಡುಗರು ಕಬಡ್ಡಿ, ಖೋಖೋ, ವಾಲಿಬಾಲ್‌ನಲ್ಲಿ ಹಳ್ಳಿಯಿಂದಲೇ ತಯಾರಾಗಿ ಬರುತ್ತಾರೆ. ಅವರಿಗೆ ಒಳ್ಳೆ ಶೂ, ಒಳ್ಳೆ ಊಟ ಕೊಟ್ಟರೆ ವಿಶ್ವವಿದ್ಯಾಲಯ ತಂಡಕ್ಕೆ ಹೋಗುತ್ತಾರೆ. ಅದರಿಂದ ಅವರಿಗೆ ನೌಕರಿಗೂ ಅನುಕೂಲ. ಫುಟ್‌ಬಾಲ್‌ನಲ್ಲಿ ಡಿಗ್ರಿಗೆ ಬಂದ ಮೇಲೆ ಮೊದಲ ಸಲ ಬೂಟು ಹಾಕುವ ಹುಡುಗರು. ಎಂಟನೇ ವಯಸ್ಸಿನಿಂದ ಆಡಿದವರ ಮುಂದೆ ಅವರು ಹೇಗೆ ನಿಲ್ಲುತ್ತಾರೆ? 21 ಗೋಲು ಅಂದರೆ ಸಣ್ಣ ಮಾತಲ್ಲ.

ಒಂದನೇ ನಂಬರ್ ಜರ್ಸಿ:

ನಾನೇ ಆ 21 ಗೋಲು ಬಿಟ್ಟ ಗೋಲಿ. ಬರೆಯಬೇಕಾ ಬೇಡವಾ ಅಂತ ಎರಡು ದಿನ ಯೋಚನೆ ಮಾಡಿದೆ.

ಎಲ್ಲರೂ 0-6ರ ಬಗ್ಗೆ ಕೇಳುತ್ತಾರೆ. ನನಗೆ ನಿದ್ದೆ ಕೆಡಿಸಿದ್ದು ಅದಲ್ಲ, 0-1. ಅದೇ ವಿಶ್ವವಿದ್ಯಾಲಯದ ಪಂದ್ಯ. 66 ನಿಮಿಷ ನಾವು 0-0ಯಲ್ಲಿ ಹಿಡಿದಿಟ್ಟಿದ್ದೆವು. ಇನ್ನು ನಾಲ್ಕು ನಿಮಿಷ ಕಳೆದರೆ ಪೆನಾಲ್ಟಿ. ಪೆನಾಲ್ಟಿಗೆ ಹೋದರೆ ಗೆಲ್ಲುತ್ತೇವೆ ಅನ್ನುವ ಧೈರ್ಯ ನನಗಿತ್ತು. ಎಡಗಡೆಯಿಂದ ಒಂದು ಕ್ರಾಸ್ ಬಂತು. ಹಾರಿ ಹಿಡಿದೆ, ಚೆಂಡನ್ನು ಎದೆಗೆ ಒತ್ತಿಕೊಂಡು ನೆಲಕ್ಕೆ ಬಿದ್ದೆ. ಎದ್ದೆ. ನಿಧಾನ ಮಾಡಿದೆ. ಬೇಕಂತಲೇ. ನಮ್ಮ ಹುಡುಗರಿಗೆ ಉಸಿರು ತೆಗೆದುಕೊಳ್ಳಲು ಎರಡು ಕ್ಷಣ ಸಿಗಲಿ ಅಂತ.

ರೆಫ್ರಿ ಕೈ ಎತ್ತಿ ಬೆರಳು ಮಡಿಸುತ್ತಿದ್ದುದು ಕಂಡಿತು. ಏನೋ ಬೇರೆ ಸನ್ನೆ ಇರಬೇಕು ಅಂದುಕೊಂಡೆ. ಆಮೇಲೆ ಸೀಟಿ ಊದಿ ಅವರಿಗೆ ಮೈದಾನದ ಮೂಲೆಯಿಂದ ಒದೆಯುವ ಕಾರ್ನರ್ ಕೊಟ್ಟರು. ನನಗೆ ಅರ್ಥವೇ ಆಗಲಿಲ್ಲ. ಚೆಂಡು ನನ್ನ ಕೈಯಲ್ಲೇ ಇದೆ, ಕಾರ್ನರ್ ಯಾಕೆ? ಕೇಳುತ್ತಾ ನಿಂತಿದ್ದೆ, ಅಷ್ಟರಲ್ಲಿ ಅವರು ಕಾರ್ನರ್ ಹೊಡೆದರು. ಅವರ ಉದ್ದನೆಯ ಡಿಫೆಂಡರ್ ತಲೆ ಕೊಟ್ಟ. 67ನೇ ನಿಮಿಷ.

ಮುಗಿದ ಮೇಲೆ ಯಾರೂ ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಒಳ್ಳೇದಿತ್ತು ಅನ್ನಿಸುತ್ತದೆ. ಬಸ್ಸಿನಲ್ಲಿ ಎಲ್ಲರೂ ಕಿಟಕಿ ಕಡೆ ನೋಡುತ್ತಾ ಕೂತಿದ್ದರು.

ಸೀಟಿ:

ಒಂದನೇ ನಂಬರ್, ಆ ಪಂದ್ಯದಲ್ಲಿ ಸೀಟಿ ಊದಿದ್ದು ನಾನಲ್ಲ. ಆದರೆ ಇದೇ ಜಿಲ್ಲೆಗಳಲ್ಲಿ ಪಂದ್ಯ ನಡೆಸುತ್ತೇನೆ, ಹಾಗಾಗಿ ಹೇಳುತ್ತೇನೆ. ರೆಫ್ರಿ ಕೊಟ್ಟದ್ದು ಸರಿ. ಅದು ಹೊಸ ನಿಯಮ. ಮೊದಲು ಗೋಲಿ ಚೆಂಡನ್ನು ಕೈಯಲ್ಲಿ 6 ಸೆಕೆಂಡ್‌ಗಿಂತ ಜಾಸ್ತಿ ಹಿಡಿದರೆ ಎದುರಿನವರಿಗೆ ಇನ್‌ಡೈರೆಕ್ಟ್ ಫ್ರೀ ಕಿಕ್ ಅಂತ ಇತ್ತು. ಆ ನಿಯಮವನ್ನು ಹೆಚ್ಚಿನ ರೆಫ್ರಿಗಳು ಬಳಸುತ್ತಲೇ ಇರಲಿಲ್ಲ, ಗೋಲಿಗಳು ಇಪ್ಪತ್ತು ಸೆಕೆಂಡ್ ಹಿಡಿದರೂ ನಡೆಯುತ್ತಿತ್ತು. 2025ರ ಜುಲೈ 1ರಿಂದ ಅದನ್ನು ಬದಲಾಯಿಸಿದರು. ಈಗ 8 ಸೆಕೆಂಡ್. ಅದನ್ನು ದಾಟಿದರೆ ಕಾರ್ನರ್ ಕಿಕ್. ಕೊನೆಯ 5 ಸೆಕೆಂಡನ್ನು ರೆಫ್ರಿ ಕೈ ಎತ್ತಿ ಬೆರಳಲ್ಲಿ ಎಣಿಸಿ ತೋರಿಸಬೇಕು. ನೀನು ನೋಡಿದ್ದು ಅದನ್ನೇ.

ಇದನ್ನು ನಿನಗೆ ಮೊದಲೇ ಯಾರಾದರೂ ಹೇಳಬೇಕಿತ್ತು. ವಿಶ್ವವಿದ್ಯಾಲಯದ ಪಂದ್ಯಕ್ಕೆ ಹುಡುಗರನ್ನು ಕಳಿಸುವ ಮುಂಚೆ ಆ ವರ್ಷದ ಹೊಸ ನಿಯಮಗಳನ್ನು ಕೂರಿಸಿ ಹೇಳಲು ಅರ್ಧ ಗಂಟೆ ಸಾಕು. ಹತ್ತೊಂಬತ್ತು ವರ್ಷದ ಹುಡುಗನ ತಲೆ ಮೇಲೆ ಈ ಸೋಲನ್ನು ಹೊರಿಸಬೇಡಿ. ಅವನೂ ಹೊತ್ತುಕೊಳ್ಳುವುದು ಬೇಡ.

ಹಾನಗಲ್ ಕಡೆಯ ತಂದೆ:

ನನ್ನ ಮಗ ಈ ತಂಡದಲ್ಲಿ ರೈಟ್ ಬ್ಯಾಕ್. ನನಗೆ ಫುಟ್‌ಬಾಲ್ ಗೊತ್ತಿಲ್ಲ. ನಾವು ಭತ್ತ, ಗೋವಿನಜೋಳ ಮಾಡುವವರು. ಅವನು ಬೂಟು ಕೊಡಿಸು ಅಂದಾಗ ಓದಲು ಹೋದವನಿಗೆ ಇದೆಲ್ಲ ಯಾಕೆ ಅಂತ ಬೈದಿದ್ದೆ. ಮೊದಲ ಎರಡು ಪಂದ್ಯ ಅವನು ಗೆಳೆಯನ ಬೂಟಿನಲ್ಲಿ ಆಡಿದನಂತೆ. ಒಂದು ನಂಬರ್ ಸಣ್ಣದು. ಹಬ್ಬಕ್ಕೆ ಊರಿಗೆ ಬಂದಾಗ ಅವನ ತಾಯಿ ಕಾಲು ನೋಡಿದಳು. ಎರಡೂ ಹೆಬ್ಬೆರಳಿನ ಉಗುರು ಕಪ್ಪಾಗಿದ್ದವು. ಮಾರನೇ ದಿನವೇ ಹಾವೇರಿಗೆ ಕರೆದುಕೊಂಡು ಹೋಗಿ ಬೂಟು ಕೊಡಿಸಿದೆ.

ಒಂದೇ ವಿಷಯ ಹೇಳುತ್ತೇನೆ. ಪಿಯುಸಿ ಮುಗಿಯುವ ತನಕ ಅವನು ಬೆಳಿಗ್ಗೆ ಏಳೂವರೆಗೆ ಮೊದಲು ಎದ್ದವನಲ್ಲ. ಈಗ ಊರಿಗೆ ಬಂದರೂ ಐದೂವರೆಗೆ ಎದ್ದು ಕೆರೆ ಏರಿ ಮೇಲೆ ಓಡಿ ಬರುತ್ತಾನೆ. ಸೋತ ತಂಡದಲ್ಲಿ ಆಡಿ ಕೆಟ್ಟ ಅಂತ ನನಗೆ ಅನ್ನಿಸಿಲ್ಲ.

ಬೆಟಗೇರಿ ಮಾಸ್ತರು:

ಗದಗ ಕಡೆ ದೈಹಿಕ ಶಿಕ್ಷಣ ಕಲಿಸುತ್ತೇನೆ. ಈ ತಂಡ ಗದಗಿಗೆ ಬಂದು ಆಡಿದ ಪಂದ್ಯ ನೋಡಿದ್ದೆ. ಅದು 0-2 ಆಯಿತು. ನೋಡಿದ್ದನ್ನು ಇದ್ದ ಹಾಗೆ ಹೇಳುತ್ತೇನೆ, ಬೇಸರ ಮಾಡಿಕೊಳ್ಳಬೇಡಿ.

ಹುಡುಗರು ಪಂದ್ಯಕ್ಕೆ ಹದಿನೈದು ನಿಮಿಷ ಮೊದಲು ಗಾಡಿಯಿಂದ ಇಳಿದರು. ಇಳಿದವರೇ ನೇರವಾಗಿ ಗೋಲಿಗೆ ಚೆಂಡು ಹೊಡೆಯಲು ಶುರು ಮಾಡಿದರು. ತಣ್ಣಗಿರುವ ಕಾಲಲ್ಲಿ ದೂರದಿಂದ ಜೋರಾಗಿ ಹೊಡೆಯುವುದು, ತೊಡೆಯ ಸ್ನಾಯು ಹಿಡಿದುಕೊಳ್ಳಲು ಅದಕ್ಕಿಂತ ಸುಲಭದ ದಾರಿ ಇಲ್ಲ. ಅವತ್ತು ಒಬ್ಬ ಹುಡುಗ ಮೊದಲಾರ್ಧದಲ್ಲೇ ಕುಂಟುತ್ತಾ ಹೊರಗೆ ಬಂದ.

ಫಿಫಾದವರು 11 ಪ್ಲಸ್ ಅಂತ ಒಂದು ವಾರ್ಮ್‌ಅಪ್ ಮಾಡಿದ್ದಾರೆ. 15 ವ್ಯಾಯಾಮ, ಸುಮಾರು 20 ನಿಮಿಷ. ಮೊದಲು ನಿಧಾನ ಓಟ, ಆಮೇಲೆ ಕಾಲು, ಹೊಟ್ಟೆ, ಸೊಂಟದ ಬಲ ಮತ್ತು ಬ್ಯಾಲೆನ್ಸ್, ಕೊನೆಗೆ ಜೋರು ಓಟ. ಚೆಂಡು ಬಿಟ್ಟರೆ ಯಾವ ಸಾಮಾನೂ ಬೇಡ, ದುಡ್ಡೂ ಬೇಡ. ನಾರ್ವೆಯ ಹುಡುಗಿಯರ ತಂಡಗಳ ಮೇಲೆ ಮಾಡಿದ ಅಧ್ಯಯನ 2008ರಲ್ಲಿ ಬಂತು. ಇದನ್ನು ಮಾಡಿದ ತಂಡಗಳಲ್ಲಿ ಗಾಯಗಳು ಸುಮಾರು ಮೂರನೇ ಒಂದು ಭಾಗ ಕಡಿಮೆ ಆಗಿದ್ದವು. ವಾರಕ್ಕೆ ಎರಡು ಸಲ ಮಾಡಿದರೂ ಆಗುತ್ತದೆ. ನಾನು ನಮ್ಮ ಹುಡುಗರಿಗೆ ಇದನ್ನೇ ಮಾಡಿಸುತ್ತೇನೆ. ಮೊದಲ ತಿಂಗಳು ಬೇಜಾರು ಮಾಡಿಕೊಂಡರು, ಈಗ ನಾನು ಬರುವುದರೊಳಗೆ ತಾವೇ ಶುರು ಮಾಡಿರುತ್ತಾರೆ.

ಇನ್ನು ಊಟ. ಅವತ್ತು ನಿಮ್ಮ ಸೆಂಟರ್ ಹಾಫ್ ಹುಡುಗನನ್ನು ಏನು ತಿಂದು ಬಂದೆ ಅಂತ ಕೇಳಿದೆ. ಚಹಾ ಮತ್ತು ಎರಡು ಬಿಸ್ಕಿಟ್ ಅಂದ. ಹಿಂದಿನ ರಾತ್ರಿ ಹಾಸ್ಟೆಲ್‌ನಲ್ಲಿ ಎಂಟು ಗಂಟೆಗೆ ಊಟ. ಅಂದರೆ ಹದಿನಾಲ್ಕು ಗಂಟೆ ಖಾಲಿ ಹೊಟ್ಟೆ. ಓಡಲು ಬೇಕಾದ ಸಕ್ಕರೆಯನ್ನು ಮೈ ಸ್ನಾಯುಗಳಲ್ಲಿ ಮತ್ತು ಯಕೃತ್ತಿನಲ್ಲಿ ಇಟ್ಟುಕೊಂಡಿರುತ್ತದೆ. ಅದು ತುಂಬಿಲ್ಲದೆ ಇಳಿದರೆ ಮೊದಲಾರ್ಧ ಹೇಗೋ ಸಾಗುತ್ತದೆ, ಆಮೇಲೆ ಕಾಲು ಮಾತು ಕೇಳುವುದಿಲ್ಲ. ಪಂದ್ಯಕ್ಕೆ ಮೂರು ಗಂಟೆ ಮೊದಲು ಉಪ್ಪಿಟ್ಟೋ, ಅವಲಕ್ಕಿಯೋ, ಎರಡು ಬಾಳೆಹಣ್ಣೋ ತಿಂದರೆ ಸಾಕು. ಕುಡಿಯಲು ದುಬಾರಿ ಬಾಟಲಿ ಬೇಡ. ಕಾಯಿಸಿ ಆರಿಸಿದ 1 ಲೀಟರ್ ನೀರಿಗೆ 6 ಟೀ ಚಮಚ ಸಕ್ಕರೆ, ಅರ್ಧ ಟೀ ಚಮಚ ಉಪ್ಪು. ಚಮಚ ಮಟ್ಟಸವಾಗಿರಬೇಕು, ಗೋಪುರ ಮಾಡಬೇಡಿ. ಉಪ್ಪು ಜಾಸ್ತಿ ಆದರೆ ಕೆಡುಕು.

ಟಚ್‌ಲೈನ್ ಅವರೇ, ನೀವು ನಿಮಿಷ ಬರೆದಿಟ್ಟಿದ್ದೇನೆ ಅಂದಿರಲ್ಲ, ದಯವಿಟ್ಟು ಅದನ್ನು ಹಾಕಿ. ಕೊನೆಯ ಇಪ್ಪತ್ತು ನಿಮಿಷದಲ್ಲೇ ಜಾಸ್ತಿ ಗೋಲು ಬಿದ್ದಿರಬೇಕು ಅಂತ ನನ್ನ ಅನುಮಾನ.

ಟಚ್‌ಲೈನ್ ಧಾರವಾಡ:

ಮಾಸ್ತರರೇ, ನಿಮ್ಮ ಅನುಮಾನ ಸರಿ. ನೋಟ್‌ಬುಕ್ಕಿನಲ್ಲಿ ಇದ್ದದ್ದನ್ನು ಹಾಗೆಯೇ ಇಳಿಸುತ್ತಿದ್ದೇನೆ.

ಮೊದಲನೇ ಪಂದ್ಯ, ಹುಬ್ಬಳ್ಳಿಯ ಒಂದು ಎಂಜಿನಿಯರಿಂಗ್ ಕಾಲೇಜಿನ ಎದುರು, 0-6. ಗೋಲು ಬಿದ್ದದ್ದು 3, 8, 11, 14, 40, 62ನೇ ನಿಮಿಷ. ಎರಡನೆಯದು 0-4: 6, 13, 29, 55. ಮೂರನೆಯದು 1-4: 10, 31, 48, 66. ನಮ್ಮ ಮೊದಲ ಗೋಲು ಇದರಲ್ಲೇ ಬಂತು, 59ಕ್ಕೆ. ಗದಗಿನಲ್ಲಿ 0-2: 27, 61. ಐದನೆಯದು 1-2. ನಾವು 22ಕ್ಕೆ ಹೊಡೆದು ಮುಂದಿದ್ದೆವು, ಅವರು 56 ಮತ್ತು 68ಕ್ಕೆ ಹೊಡೆದರು. ಆರನೆಯದು ವಿಶ್ವವಿದ್ಯಾಲಯದ್ದು, 67ಕ್ಕೆ ಆ ಒಂದು ಗೋಲು. ಕೊನೆಯದು ಹಾವೇರಿಯಲ್ಲಿ 2-2. ನಾವು 33 ಮತ್ತು 69, ಅವರು 58 ಮತ್ತು 64.

ಈಗ ನೋಡಿ. ಮೊದಲ 15 ನಿಮಿಷದಲ್ಲಿ ಬಿದ್ದ ಗೋಲು ಒಟ್ಟು 7. ಏಳೂ ಮೊದಲ ಮೂರು ಪಂದ್ಯದಲ್ಲೇ. ಆಮೇಲೆ ಆ ಹೊತ್ತಿನಲ್ಲಿ ಒಂದೂ ಬಿದ್ದಿಲ್ಲ. ಕೊನೆಯ ಮೂರು ಪಂದ್ಯಗಳಲ್ಲಂತೂ ಮೊದಲ 50 ನಿಮಿಷ ಒಂದೂ ಗೋಲು ಬಿಟ್ಟಿಲ್ಲ. ಆ ಮೂರರಲ್ಲಿ ಬಿದ್ದ ಐದೂ ಗೋಲು 56ನೇ ನಿಮಿಷದಿಂದ ಈಚೆಗೆ.

ಜುಲೈನಲ್ಲಿ ಈ ಹುಡುಗರು ಕಾಲು ಗಂಟೆಯಲ್ಲಿ ನಾಲ್ಕು ಗೋಲು ತಿಂದವರು. ಕೊನೆಗೆ ಬಂದಾಗ 50 ನಿಮಿಷ ಬಾಗಿಲು ಹಾಕಿ ನಿಂತರು. ಅದು ಅಂಕಪಟ್ಟಿಯಲ್ಲಿ ಕಾಣುವುದಿಲ್ಲ, ಅಲ್ಲಿ ಎಲ್ಲವೂ ಸೋಲು ಅಂತಲೇ ಇರುತ್ತದೆ. ಇನ್ನು ಉಳಿದಿರುವುದು 20 ನಿಮಿಷ. ಆ 20 ನಿಮಿಷಕ್ಕೆ ಮಾಸ್ತರು ಹೇಳಿದ ಉಪ್ಪಿಟ್ಟು, ಬಾಳೆಹಣ್ಣು, ವಾರ್ಮ್‌ಅಪ್ ಬೇಕು. ಬೆಂಚಿನಲ್ಲಿ ಕೂತವರನ್ನು ಸರಿಯಾದ ಹೊತ್ತಿಗೆ ಇಳಿಸುವವರು ಬೇಕು. ತಂಡವನ್ನೇ ಮುಚ್ಚುವುದರಿಂದ ಆ 20 ನಿಮಿಷ ಸರಿ ಹೋಗುತ್ತದಾ?

ಎರಿ ಭೂಮಿ:

ಮೈದಾನದ ಬಗ್ಗೆ ಯಾರೂ ಬರೆದಿಲ್ಲ, ಅದಕ್ಕೆ ನಾನು ಬರೆಯುತ್ತೇನೆ. ಧಾರವಾಡದ ಕೃಷಿ ವಿಶ್ವವಿದ್ಯಾಲಯದಲ್ಲಿ ಓದಿದವನು, ಊರು ನವಲಗುಂದ ಕಡೆ. ಈ ಕಾಲೇಜಿನ ಮೈದಾನ ನೋಡಿದ್ದೇನೆ, ಆಡಿದ್ದೇನೆ.

ಧಾರವಾಡದಲ್ಲಿ ಪಶ್ಚಿಮಕ್ಕೆ ಹೋದರೆ ಮಸಾರಿ ಅಂದರೆ ಕೆಂಪು ಮಣ್ಣು, ಪೂರ್ವಕ್ಕೆ ಬಂದರೆ ಎರಿ ಅಂದರೆ ಕಪ್ಪು ಮಣ್ಣು. ನಿಮ್ಮ ಮೈದಾನ ಇರುವುದು ಎರಿಯಲ್ಲಿ. ಎರಿ ಮಣ್ಣಿನಲ್ಲಿರುವ ಜೇಡಿ ನೀರು ಕುಡಿದರೆ ಉಬ್ಬುತ್ತದೆ, ಒಣಗಿದರೆ ಕುಗ್ಗುತ್ತದೆ. ಹತ್ತಿಗೆ, ಕಡಲೆಗೆ, ಜೋಳಕ್ಕೆ ಬಂಗಾರ ಅದು, ಒಂದು ಮಳೆಯ ಹಸಿಯನ್ನು ತಿಂಗಳುಗಟ್ಟಲೆ ಹಿಡಿದಿಡುತ್ತದೆ. ಆಟಕ್ಕೆ ಮಾತ್ರ ಕಷ್ಟ. ಜುಲೈ, ಆಗಸ್ಟ್‌ನಲ್ಲಿ ಬೂಟಿಗೆ ಹತ್ತಿದರೆ ಒಂದೊಂದು ಕಾಲು ಒಂದೊಂದು ಕಿಲೋ ಭಾರ. ಹುಡುಗರು ಹಾಫ್ ಟೈಮಿನಲ್ಲಿ ಬಿದಿರಿನ ಚಕ್ಕೆ ತಗೊಂಡು ಬೂಟಿನ ಗುಳ್ಳೆಗಳ ನಡುವೆ ಕೆರೆಯುವುದನ್ನು ನೀವೆಲ್ಲ ನೋಡಿರುತ್ತೀರಿ. ಮಳೆ ನಿಂತು ಒಣಗಿದ ಮೇಲೆ ಬಿರುಕು. ನಡು ಮೈದಾನದಲ್ಲಿ ನನ್ನ ಮುಂಗೈ ಇಳಿಯುವಷ್ಟು ಬಿರುಕು ಕಂಡಿದ್ದೇನೆ. ಅಲ್ಲಿ ನೆಲದ ಮೇಲೆ ಪಾಸ್ ಮಾಡಿದರೆ ಚೆಂಡು ಎತ್ತ ಹೋಗುತ್ತದೆ ಅಂತ ಹೇಳಲು ಆಗುವುದಿಲ್ಲ. ಅದಕ್ಕೇ ಹುಡುಗರು ಎಲ್ಲ ಚೆಂಡನ್ನೂ ಮೇಲಕ್ಕೆ ಎತ್ತಿ ಹೊಡೆಯುತ್ತಾರೆ. ಪಾಸಿಂಗ್ ಬರಲ್ಲ ಅಂತ ಬೈಯುವ ಮೊದಲು ಆ ನೆಲ ನೋಡಬೇಕು.

ಇದಕ್ಕೆ ಲಕ್ಷ ಲಕ್ಷ ಸುರಿಯಬೇಕಾಗಿಲ್ಲ. ನಡುವೆ ಸ್ವಲ್ಪ ಎತ್ತರ, ಎರಡೂ ಬದಿಗೆ ಇಳಿಜಾರು, ಅಂಚಿಗೆ ಒಂದು ಗಟಾರ. ನೀರು ನಿಲ್ಲದಿದ್ದರೆ ಅರ್ಧ ಕೆಲಸ ಆದ ಹಾಗೆ. ಬೇಸಿಗೆಯಲ್ಲಿ ಮೇಲೆ ಗರಸು ಮತ್ತು ಮಸಾರಿ ಮಣ್ಣು ಹಾಕಿ, ಮೊದಲ ಮಳೆ ಬಿದ್ದು ಹದ ಬಂದಾಗ ರೋಲರ್ ಎಳೆಯಬೇಕು. ಹದ ನೋಡಿ ಎಳೆಯುವುದು ಮುಖ್ಯ. ಪೂರ್ತಿ ಹಸಿ ಇದ್ದಾಗ ಎಳೆದರೆ ರೋಲರಿಗೇ ಮಣ್ಣು ಎದ್ದು ಬರುತ್ತದೆ, ಪೂರ್ತಿ ಒಣಗಿದಾಗ ಎಳೆದರೆ ಏನೂ ಆಗುವುದಿಲ್ಲ. ಗರಸಿನ ದೊಡ್ಡ ಕಲ್ಲು ಆರಿಸಿ ತೆಗೆಯಬೇಕು, ಇಲ್ಲದಿದ್ದರೆ ಮೊಣಕಾಲು ಸುಲಿಯುತ್ತದೆ. ನಮ್ಮ ಊರಿನಿಂದ ಒಂದು ಟ್ರ್ಯಾಕ್ಟರ್ ನಾನು ಕಳಿಸುತ್ತೇನೆ, ಡೀಸೆಲ್ ಕೂಡ ನನ್ನದೇ.

ರೈಲ್ವೆ ಕ್ವಾರ್ಟರ್ಸ್:

ವಯಸ್ಸು ಎಪ್ಪತ್ತು ದಾಟಿದೆ. ಹುಬ್ಬಳ್ಳಿಯ ರೈಲ್ವೆ ವರ್ಕ್‌ಶಾಪಿನಲ್ಲಿ ಕೆಲಸ ಮಾಡಿ ನಿವೃತ್ತನಾದವನು. ಸಂಜೆ ಸೈರನ್ ಆದ ಮೇಲೆ ನಾವು ಮೈದಾನಕ್ಕೇ ಹೋಗುತ್ತಿದ್ದೆವು. ಬರಿಗಾಲಲ್ಲಿ ಆಡಿದವರೂ ನಮ್ಮಲ್ಲಿ ಇದ್ದರು.

ಕರ್ನಾಟಕ 2023ರ ಮಾರ್ಚ್‌ನಲ್ಲಿ ರಿಯಾದ್‌ನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ ರಾಜ್ಯ ತಂಡಗಳ ಫುಟ್‌ಬಾಲ್ ಕಪ್ ಆದ ಸಂತೋಷ್ ಟ್ರೋಫಿ ಗೆದ್ದಿತು. ಅದಕ್ಕೂ ಹಿಂದಿನ ಗೆಲುವು 1968-69ರಲ್ಲಿ, ಆಗ ರಾಜ್ಯದ ಹೆಸರು ಇನ್ನೂ ಮೈಸೂರು ಅಂತಲೇ ಇತ್ತು. ನಾನು ಆಗ ಹುಡುಗ. ನಡುವೆ 54 ವರ್ಷ ಹೋಯಿತು. ಗೆದ್ದ ಸುದ್ದಿ ಬಂದ ರಾತ್ರಿ ಮೊಮ್ಮಗನನ್ನು ಎಬ್ಬಿಸಿ ಹೇಳಿದೆ. 54 ವರ್ಷ ಗೆಲ್ಲಲಿಲ್ಲ ಅಂತ ಯಾರೂ ರಾಜ್ಯ ತಂಡ ನಿಲ್ಲಿಸಲಿಲ್ಲ.

ಲೆಕ್ಕದ ಮನುಷ್ಯ, ಹುಬ್ಬಳ್ಳಿ:

ಹಿರಿಯರೇ, ನಿಮ್ಮ ಮಾತಿಗೆ ಗೌರವ ಇದೆ. ಆದರೆ ರಾಜ್ಯ ತಂಡ ಅಂದರೆ ಹೆಚ್ಚಾಗಿ ಬೆಂಗಳೂರಿನ ಕ್ಲಬ್ಬುಗಳ ಹುಡುಗರು. ಅಲ್ಲಿ ವಯಸ್ಸಿನ ಪ್ರಕಾರ ಲೀಗ್ ಇದೆ, ಕೋಚ್ ಇದ್ದಾರೆ. ಅದನ್ನು ನಮ್ಮ ಕಾಲೇಜು ತಂಡಕ್ಕೆ ಹೋಲಿಸಿದರೆ ಸರಿ ಆಗುವುದಿಲ್ಲ.

ಆದರೆ ಆ ನಿಮಿಷದ ಲೆಕ್ಕ ನನ್ನನ್ನು ಯೋಚಿಸುವ ಹಾಗೆ ಮಾಡಿತು. ಎರಡು ಸಲ ಕೂಡಿಸಿ ನೋಡಿದೆ. ಸಮಿತಿಯಲ್ಲಿ ಇದ್ದಷ್ಟು ವರ್ಷ ಯಾವ ತಂಡವೂ ಇಂಥ ಲೆಕ್ಕ ತಂದು ಮುಂದಿಟ್ಟಿದ್ದು ನನಗೆ ನೆನಪಿಲ್ಲ. ನಾವು ನೋಡುತ್ತಿದ್ದದ್ದು ಒಂದೇ, ಕಪ್ ಬಂತಾ ಇಲ್ಲವಾ.

ಎಡಗಾಲು:

ನಾನು ಇದೇ ಕಾಲೇಜಿನ ಎರಡನೇ ವರ್ಷದ ವಿದ್ಯಾರ್ಥಿನಿ. ನಮ್ಮಲ್ಲಿ ಹುಡುಗಿಯರ ಫುಟ್‌ಬಾಲ್ ತಂಡ ಇಲ್ಲ. ನಾವು 5 ಜನ ಇದ್ದೇವೆ. ಹುಡುಗರ ಪ್ರಾಕ್ಟೀಸ್ ನಡೆಯುವಾಗ ಮೈದಾನದ ಒಂದು ಮೂಲೆಯಲ್ಲಿ ಎರಡು ಚಪ್ಪಲಿ ಇಟ್ಟು ಗೋಲು ಮಾಡಿಕೊಂಡು ಆಡುತ್ತೇವೆ. ಅವರು ಇದ್ದಾರೆ ಅಂತಲೇ ಮನೆಯವರು ನಮ್ಮನ್ನು ಬೆಳಿಗ್ಗೆ ಆರು ಗಂಟೆಗೆ ಕಳಿಸುತ್ತಾರೆ. ಮೈದಾನದಲ್ಲಿ ಜನ ಇರುತ್ತಾರೆ, ಒಬ್ಬಳೇ ಅಲ್ಲ ಅನ್ನುವ ಧೈರ್ಯ.

ಹುಡುಗರ ತಂಡ ಹೋದರೆ ಬೆಳಿಗ್ಗೆ ಮೈದಾನದ ಗೇಟು ತೆಗೆಯುವವರೂ ಇರುವುದಿಲ್ಲ. ನಮ್ಮ 5 ಜನ 11 ಆಗುವ ಮಾತು ಅಲ್ಲಿಗೇ ಮುಗಿಯಿತು. ತಂಡ ಇರಬೇಕಾ ಬೇಡವಾ ಅಂತ ಚರ್ಚೆ ಮಾಡುವವರು ನಮ್ಮನ್ನೂ ಲೆಕ್ಕಕ್ಕೆ ತಗೊಳ್ಳಿ. ನಾವು ಇನ್ನೂ ಒಂದು ಪಂದ್ಯವನ್ನೂ ಸೋತಿಲ್ಲ. ಯಾಕೆಂದರೆ ನಮಗೆ ಒಂದು ಪಂದ್ಯವೂ ಸಿಕ್ಕಿಲ್ಲ.

ಬೆಟಗೇರಿ ಮಾಸ್ತರು:

ಎಡಗಾಲು, ನಿಮ್ಮ 5 ಜನಕ್ಕೆ 11 ಆಗುವ ತನಕ ಕಾಯುವ ಅಗತ್ಯ ಇಲ್ಲ. ಅರ್ಧ ಮೈದಾನದಲ್ಲಿ 5-5 ಆಡಬಹುದು. ನಮ್ಮ ಕಡೆ ಆರೇಳು ಹುಡುಗಿಯರು ಇದ್ದಾರೆ. ಒಂದು ಭಾನುವಾರ ಕರೆದುಕೊಂಡು ಬರುತ್ತೇನೆ. ಗದಗಿನಿಂದ ಹುಬ್ಬಳ್ಳಿ ಒಂದೂವರೆ ಗಂಟೆ ದಾರಿ, ಅಲ್ಲಿಂದ ಧಾರವಾಡಕ್ಕೆ ಚಿಗರಿ ಬಸ್ಸು ಇದೆ.

ಎರಿ ಭೂಮಿ:

ಚಪ್ಪಲಿ ಗೋಲಿನ ಬದಲು ಎರಡು ಸಣ್ಣ ಗೋಲು ಮಾಡಿಸೋಣ. ಪೈಪು ನನ್ನ ಹತ್ತಿರ ಇವೆ, ಹನಿ ನೀರಾವರಿಗೆ ತಂದು ಉಳಿದದ್ದು.

ಕ್ಯಾಪ್ಟನ್ 8:

ಕ್ಷಮಿಸಿ, ಇಂಟರ್ನಲ್ಸ್ ಇದ್ದವು, ತಡವಾಗಿ ಬರೆಯುತ್ತಿದ್ದೇನೆ. ಎಲ್ಲವನ್ನೂ ಓದಿದೆ.

ಹಾವೇರಿಯ ಪಂದ್ಯದ ಬಗ್ಗೆ ಹೇಳಬೇಕು. ವಿಶ್ವವಿದ್ಯಾಲಯದ ಪಂದ್ಯ ಸೋತ ಮೇಲೆ ಹುಡುಗರು ಪ್ರಾಕ್ಟೀಸಿಗೆ ಬರುವುದು ಬಿಟ್ಟಿದ್ದರು. ಎರಡು ದಿನ ನಾನೊಬ್ಬನೇ ಮೈದಾನದಲ್ಲಿ ಇದ್ದೆ. ಹಾವೇರಿಯವರಿಗೆ ಬರುತ್ತೇವೆ ಅಂತ ಮೊದಲೇ ಮಾತು ಕೊಟ್ಟಿದ್ದೆ, ಇಲ್ಲ ಅನ್ನಲು ಬಾಯಿ ಬರಲಿಲ್ಲ. ಕೊನೆಗೆ ರೈಲಿನಲ್ಲಿ ಹೊರಟವರು 12 ಜನ. ಅಂದರೆ ಬೆಂಚಿನಲ್ಲಿ ಒಬ್ಬನೇ. ಟಿಕೆಟ್ ದುಡ್ಡು ನಾವೇ ಕೂಡಿಸಿದೆವು.

33ಕ್ಕೆ ನಮ್ಮ ಗೋಲು ಬಂತು. ಆಮೇಲೆ ಅವರು ಎರಡು ಹೊಡೆದರು. 64ನೇ ನಿಮಿಷ ಎರಡನೇ ಗೋಲು ಬಿದ್ದಾಗ ನಾನು ಎಲ್ಲರ ಮುಖ ನೋಡಿದೆ. ಪ್ರತಿ ಪಂದ್ಯದಲ್ಲೂ ಆ ಹೊತ್ತಿಗೆ ನಮ್ಮ ತಲೆ ಕೆಳಗೆ ಇಳಿಯುತ್ತಿತ್ತು. ಅವತ್ತು ಒಂದನೇ ನಂಬರ್ ನೆಟ್‌ನಿಂದ ಚೆಂಡು ತೆಗೆದುಕೊಂಡು ನಡು ಗೆರೆ ತನಕ ಓಡಿಕೊಂಡು ಬಂದ. ಗೋಲಿ ಅಷ್ಟು ದೂರ ಓಡುವ ಅಗತ್ಯ ಇರಲಿಲ್ಲ, ಒದ್ದಿದ್ದರೆ ಬರುತ್ತಿತ್ತು. ಅವನೇ ಚೆಂಡನ್ನು ಮಧ್ಯದ ಚುಕ್ಕೆ ಮೇಲೆ ಇಟ್ಟ, ಏನೂ ಮಾತಾಡಲಿಲ್ಲ, ತಿರುಗಿ ಓಡಿದ. 69ಕ್ಕೆ ರೈಟ್ ಬ್ಯಾಕ್ ಮುಂದಕ್ಕೆ ಓಡಿ ಕ್ರಾಸ್ ಹಾಕಿದ, ನಮ್ಮ ಸ್ಟ್ರೈಕರ್‌ನ ಮೊಣಕಾಲಿಗೆ ಬಡಿದು ಒಳಗೆ ಹೋಯಿತು. ಮೊಣಕಾಲೋ ತೊಡೆಯೋ, ಗೋಲು ಗೋಲೇ. 12 ಜನ ಸೋಲದೇ ವಾಪಸ್ ಬಂದೆವು. ಸ್ಟೇಷನ್ನಿನಲ್ಲಿ ಮಿರ್ಚಿ ಗಿರಮಿಟ್ ತಿಂದೆವು. ಈ ವರ್ಷ ಅಷ್ಟು ರುಚಿಯಾಗಿ ನಾನು ಏನನ್ನೂ ತಿಂದಿಲ್ಲ.

ನಾನು ಈ ವರ್ಷ ಮುಗಿಸಿ ಹೋಗುತ್ತೇನೆ. ನನಗೆ ಮತ್ತೆ ಆಡಲು ಸಿಗುವುದಿಲ್ಲ. ಆದರೆ ಆ 12ರಲ್ಲಿ 8 ಜನ ಮುಂದಿನ ವರ್ಷವೂ ಇರುತ್ತಾರೆ. ನಾವು ಸೇರಿದಾಗ ನಮಗೆ ಆಡಿ ತೋರಿಸುವವರು ಯಾರೂ ಇರಲಿಲ್ಲ, ಹೋದ ಬ್ಯಾಚಿನವರು ಒಂದು ಪಂದ್ಯ ಆಡಿ ಹೋಗಿದ್ದರು. ಈ ಸಲ ಹಾಗಾಗುವುದಿಲ್ಲ. ದಯವಿಟ್ಟು ಒಂದು ವರ್ಷ ಕೊಡಿಸಿ.

ಹಾನಗಲ್ ಕಡೆಯ ತಂದೆ:

ಆ ಕ್ರಾಸ್ ಹಾಕಿದವನು ನನ್ನ ಮಗ. ಮನೆಯಲ್ಲಿ ಇದನ್ನು ಹೇಳಿಯೇ ಇಲ್ಲ ಅವನು. ಈಗ ಅವನ ತಾಯಿಗೆ ಓದಿ ಹೇಳಿದೆ. ಎರಡನೇ ಸಲ ಓದಿಸಿದಳು.

ಸೀಟಿ:

ಹೊಸ ನಿಯಮಗಳ ಬಗ್ಗೆ ಒಂದು ಗಂಟೆ ಕೂತು ಹೇಳಲು ನಾನು ಬರುತ್ತೇನೆ. ದುಡ್ಡು ಬೇಡ. ಗೋಲಿಗಳಿಗೆ ಬೇರೆಯಾಗಿ ಹೇಳುತ್ತೇನೆ.

ಲೆಕ್ಕದ ಮನುಷ್ಯ, ಹುಬ್ಬಳ್ಳಿ:

ಸರಿ. ನಾನು ಒಂದು ಮಾತು ಹೇಳುತ್ತೇನೆ, ಯಾರಿಗೂ ಬೇಸರ ಬೇಡ. ತಂಡ ಉಳಿಸಿ ಅಂತ ಬರೀ ಭಾವನೆಯ ಪತ್ರ ಕೊಟ್ಟರೆ ಸಮಿತಿ ಓದಿ ಪಕ್ಕಕ್ಕೆ ಇಡುತ್ತದೆ. ನಾನೂ ಹಾಗೆ ಇಟ್ಟವನೇ, ಈಗ ಅದು ಸರಿ ಅನ್ನಿಸುತ್ತಿಲ್ಲ. ಲೆಕ್ಕ ಕೊಡಿ. ಒಂದು ಪುಟದಲ್ಲಿ ಗೋಲು ಬಿದ್ದ ನಿಮಿಷಗಳು. ಇನ್ನೊಂದು ಪುಟದಲ್ಲಿ ಮುಂದಿನ ವರ್ಷದ ಖರ್ಚು. ಮೈದಾನಕ್ಕೆ ಟ್ರ್ಯಾಕ್ಟರ್, ಡೀಸೆಲ್ ಬಂತು. ನಿಯಮ ಕಲಿಸಲು ರೆಫ್ರಿ ಬಂದರು. ವಾರ್ಮ್‌ಅಪ್‌ಗೆ ದುಡ್ಡು ಬೇಡ. ಕಾಲೇಜು ಕೊಡಬೇಕಾದದ್ದು ಪಂದ್ಯದ ದಿನದ ತಿಂಡಿ, ಪ್ರಯಾಣ, ನಾಲ್ಕು ಚೆಂಡು. ಇದನ್ನು ನಾನು ಬರೆದುಕೊಡುತ್ತೇನೆ, ಸಮಿತಿಯವರು ಯಾವ ಕಾಲಂ ಮೊದಲು ನೋಡುತ್ತಾರೆ ಅಂತ ನನಗೆ ಗೊತ್ತಿದೆ. ಹುಡುಗಿಯರ ಪ್ರಾಕ್ಟೀಸನ್ನೂ ಅದರಲ್ಲಿ ಸೇರಿಸೋಣ. ಕಬಡ್ಡಿಯವರ ದುಡ್ಡಿನಲ್ಲಿ ಒಂದು ರೂಪಾಯಿಯನ್ನೂ ಮುಟ್ಟಬಾರದು, ಅದು ನನ್ನ ಷರತ್ತು.

ಟಚ್‌ಲೈನ್ ಧಾರವಾಡ:

ಒಪ್ಪಿದೆ. ಕಬಡ್ಡಿಯವರ ದುಡ್ಡು ನಮಗೂ ಬೇಡ, ಅವರಲ್ಲಿ ಇಬ್ಬರು ನಮ್ಮ ಪಂದ್ಯಕ್ಕೆ ಬಂದು ಸುಣ್ಣ ಹಾಕಿಕೊಟ್ಟವರು.

ಈ ಭಾನುವಾರ ಬೆಳಿಗ್ಗೆ ಆರೂವರೆಗೆ ಮೈದಾನದಲ್ಲಿ ಸೇರೋಣ. ಮೊದಲು 20 ನಿಮಿಷ ವಾರ್ಮ್‌ಅಪ್, ಆಮೇಲೆ ಪತ್ರ. ನಾನು ನೋಟ್‌ಬುಕ್ ತರುತ್ತೇನೆ. ನಮ್ಮ ಮನೆಯಿಂದ ಉಪ್ಪಿಟ್ಟು ಬರುತ್ತದೆ, 25 ಜನಕ್ಕೆ ಆಗುವಷ್ಟು. ಗೋಲಿ ತಮ್ಮಾ, ನೀನು ಬರಲೇಬೇಕು.

ಒಂದನೇ ನಂಬರ್ ಜರ್ಸಿ:

ಬರುತ್ತೇನೆ ಅಣ್ಣ. ಗೇಟಿನ ಬೀಗದ ಕೈ ವಾಚ್‌ಮನ್ ಕಾಕಾ ಹತ್ತಿರ ಇಸಿದುಕೊಂಡು ಆರು ಗಂಟೆಗೇ ತೆಗೆದಿರುತ್ತೇನೆ. ಚೆಂಡು ನನ್ನ ರೂಮಿನಲ್ಲೇ ಇದೆ. ಗಾಳಿ ಕಮ್ಮಿ ಆಗಿದೆ, ಶನಿವಾರ ಸಂಜೆ ಸೈಕಲ್ ಅಂಗಡಿಯಲ್ಲಿ ಹಾಕಿಸಿ ಇಡುತ್ತೇನೆ.